ಬೆಟ್ಟದ ಗೊರಿಲ್ಲಾದ ತೂಕ

ಚಾಮರಾಜಪೇಟೆಯ ನಮ್ಮ ರಸ್ತೆಯಲ್ಲಿ ನನ್ನ ಅಣ್ಣನನ್ನು ಎಲ್ಲರೂ ಗೊರಿಲ್ಲಾ ಎನ್ನುತ್ತಿದ್ದರು. ಎದುರಿಗೆ ಯಾರೂ ಅನ್ನುತ್ತಿರಲಿಲ್ಲ. ಅವನು ನಾಲ್ಕು ಹೆಜ್ಜೆ ಮುಂದೆ ಹೋದ ಮೇಲೆ ಬೆನ್ನಿಗೆ ಅನ್ನುತ್ತಿದ್ದರು. ಆ ಹೆಸರನ್ನು ಅವನಿಗೆ ಮೊದಲು ಇಟ್ಟವಳು ನಾನು.

ನಮ್ಮದು ಪೇಟೆಯಲ್ಲಿ ಹಿತ್ತಾಳೆ ಪಾತ್ರೆ ಮಾರುತ್ತಿದ್ದ ಮನೆತನ. ಅಪ್ಪ ತೀರಿಕೊಂಡಾಗ ಅಣ್ಣನಿಗೆ ಹತ್ತೊಂಬತ್ತು, ನನಗೆ ಹತ್ತು. ಅಂಗಡಿಯನ್ನು ದೊಡ್ಡಪ್ಪ ನೋಡಿಕೊಂಡರು. ಅಣ್ಣನಿಗೆ ವ್ಯಾಪಾರ ಒಗ್ಗುತ್ತಿರಲಿಲ್ಲ. ಓದು ನಿಲ್ಲಿಸಿ ಮನೆಯಿಂದ ಎರಡು ರಸ್ತೆ ಆಚೆಗಿದ್ದ ಮುದ್ರಣಾಲಯದಲ್ಲಿ ಕರಡು ತಿದ್ದುವ ಕೆಲಸಕ್ಕೆ ಸೇರಿದ. ಸೀಸದ ಅಕ್ಷರಮೊಳೆ ಜೋಡಿಸಿದ ಪುಟದ ಮೇಲೆ ಮಸಿ ಸವರಿ ತೆಗೆದ ಉದ್ದನೆಯ ಹಾಳೆಗಳು ಅವನ ಮೇಜಿಗೆ ಬರುತ್ತಿದ್ದವು. ಕೆಂಪು ಪೆನ್ಸಿಲು ಹಿಡಿದು ಅವನು ತಪ್ಪು ಹುಡುಕುತ್ತಿದ್ದ. ಅದರಲ್ಲಿ ಅವನನ್ನು ಮೀರಿಸುವವರು ಆ ಬೀದಿಯಲ್ಲೇ ಇರಲಿಲ್ಲ ಎಂದು ಮುದ್ರಣಾಲಯದ ಯಜಮಾನರೇ ಅಮ್ಮನ ಎದುರು ಹೇಳಿದ್ದರು. ಮದುವೆಯ ಕರೆಯೋಲೆ ಕೈಗೆ ಬಂದರೂ ಅವನು ಮೊದಲು ಓದುತ್ತಿದ್ದದ್ದು ಮದುಮಕ್ಕಳ ಹೆಸರನ್ನಲ್ಲ, ಒತ್ತಕ್ಷರಗಳನ್ನು.

ಆಗ ಅವನು ಸಪೂರ ಆಳು. ಅಮ್ಮನ ಮುಖ, ಅಮ್ಮನದೇ ಚಿಕ್ಕ ಗದ್ದ. ಇದನ್ನು ಒತ್ತಿ ಹೇಳುತ್ತಿದ್ದೇನೆ, ಏಕೆಂದರೆ ಮುಂದೆ ಅವನನ್ನು ನೋಡಿದವರು ಯಾರೂ ಇದನ್ನು ನಂಬುತ್ತಿರಲಿಲ್ಲ.

ಅವನ ಮುಖ ಯಾವಾಗ ಬದಲಾಗತೊಡಗಿತು ಎಂದು ಕೇಳಿದರೆ ನನಗೆ ಗೊತ್ತಿಲ್ಲ. ದಿನಾ ನೋಡುವವರಿಗೆ ಅಂಥದ್ದು ಕಾಣುವುದಿಲ್ಲ. ಇಪ್ಪತ್ತೈದು ದಾಟಿದ ಮೇಲೆ ಅಪ್ಪನ ಉಂಗುರ ಅವನ ಬೆರಳಿನಲ್ಲಿ ಕಚ್ಚಿಕೊಂಡಿತು. ಅಕ್ಕಸಾಲಿಗರು ಅದನ್ನು ಕತ್ತರಿಸಿ ತೆಗೆದರು. "ಮೈ ಬಂದಿದೆ ನಿಮ್ಮ ಮಗನಿಗೆ" ಎಂದು ಅಕ್ಕಪಕ್ಕದವರು ಹೇಳಿದಾಗ ಅಮ್ಮನಿಗೆ ಸಂತೋಷವೇ ಆಗಿತ್ತು. ಆಮೇಲೆ ತುಟಿ ದಪ್ಪವಾಯಿತು, ಮೂಗು ಅಗಲವಾಯಿತು, ಹುಬ್ಬಿನ ಮೂಳೆ ಮುಂದಕ್ಕೆ ಬಂತು, ಕೆಳದವಡೆ ಚಾಚಿಕೊಂಡಿತು. ದನಿ ಬಾವಿಯೊಳಗಿಂದ ಬಂದ ಹಾಗೆ ಕೇಳಿಸತೊಡಗಿತು. ಸದಾ ತಲೆನೋವು ಎನ್ನುತ್ತಿದ್ದ. ಹಗಲೆಲ್ಲ ಸಣ್ಣ ಅಕ್ಷರ ನೋಡಿದರೆ ಇನ್ನೇನಾಗುತ್ತದೆ ಎಂದು ಅಮ್ಮ ಹಣೆಗೆ ಶುಂಠಿ ತೇಯ್ದು ಹಚ್ಚುತ್ತಿದ್ದಳು.

ಮಲ್ಲೇಶ್ವರದ ಒಂದು ಮನೆಯವರು ಸಂಬಂಧ ಕೇಳಿಕೊಂಡು ಬಂದರು. ಅಣ್ಣನ ಹಳೆಯ ಫೋಟೋ ಒಂದನ್ನು ದೊಡ್ಡಮ್ಮ ಅವರಿಗೆ ಮೊದಲೇ ಕಳಿಸಿದ್ದಳು. ಅಣ್ಣ ಒಳಗಿನಿಂದ ಬಂದು ಕೈ ಮುಗಿದು ಕೂತ. ಹುಡುಗಿಯ ಸೋದರಮಾವ ಕೈಯಲ್ಲಿದ್ದ ಫೋಟೋ ನೋಡಿದರು, ಅಣ್ಣನನ್ನು ನೋಡಿದರು.

"ಹುಡುಗ ಮನೇಲಿಲ್ವಾ?" ಎಂದರು.

"ಇವ್ನೇ ಹುಡುಗ" ಎಂದಳು ಅಮ್ಮ.

ಕೊಟ್ಟ ಉಪ್ಪಿಟ್ಟನ್ನು ಅವರು ಮರ್ಯಾದೆಗೆ ಎರಡು ತುತ್ತು ತಿಂದು ಎದ್ದರು. ಆಮೇಲೆ ಯಾರೂ ಸಂಬಂಧ ಕೇಳಿಕೊಂಡು ಬರಲಿಲ್ಲ. ಅಣ್ಣನೂ ಮದುವೆಯ ಮಾತು ಎತ್ತಬೇಡ ಎಂದು ಅಮ್ಮನಿಗೆ ಹೇಳಿಬಿಟ್ಟ.

ಎಪ್ಪತ್ತರ ದಶಕದ ನಡುವಿನಲ್ಲಿ ನಾನು ಬಸವನಗುಡಿಯ ಕಡೆಯ ಒಂದು ಕಾಲೇಜಿನಲ್ಲಿ ಬಿ.ಎಸ್ಸಿ.ಗೆ ಸೇರಿದೆ. ಪ್ರಾಣಿಶಾಸ್ತ್ರ ನನ್ನ ವಿಷಯ. ಒಂದು ದಿನ ವಾನರಗಳ ಪಾಠವಿತ್ತು. ನಮ್ಮ ಮೇಡಂ ಮೇಜಿನ ಮೇಲೆ ಗೊರಿಲ್ಲಾ ತಲೆಬುರುಡೆಯ ಪ್ಲಾಸ್ಟರ್ ಅಚ್ಚನ್ನು ಇಟ್ಟು, ಹುಬ್ಬಿನ ದಿಣ್ಣೆಯ ಮೇಲೆ ಬೆರಳಾಡಿಸಿ ತೋರಿಸಿದರು. ನೆತ್ತಿಯ ನಡುವೆ ಕೋಳಿಯ ಜುಟ್ಟಿನ ಹಾಗೆ ಎದ್ದಿದ್ದ ಮೂಳೆಯ ಏಣು, ದವಡೆಯನ್ನು ಎಳೆಯುವ ಸ್ನಾಯುಗಳು ಅಂಟಿಕೊಳ್ಳುವ ಜಾಗ. ಗಂಡಿನಲ್ಲಿ ಮಾತ್ರ ಅದು ಅಷ್ಟು ಎತ್ತರ. ಹೆಣ್ಣು ಗಂಡಿನ ಅರ್ಧದಷ್ಟೇ ತೂಗುತ್ತದೆ ಎಂದರು. ನಾವೆಲ್ಲ ನಗುತ್ತಾ ಬರೆದುಕೊಂಡೆವು.

ಅದೇ ಸಂಜೆ ಕಾಲೇಜಿನ ಗೆಳತಿಯೊಬ್ಬಳು ಟಿಪ್ಪಣಿ ನಕಲು ಮಾಡಿಕೊಳ್ಳಲು ನಮ್ಮ ವಠಾರಕ್ಕೆ ಬಂದಳು. ನಾವು ಹೊರಗಿನ ಕಟ್ಟೆಯ ಮೇಲೆ ಕೂತಿದ್ದೆವು. ಅಣ್ಣ ಕೆಲಸದಿಂದ ಬಂದ. ತಲೆ ಬಗ್ಗಿಸಿ, ಭುಜ ಓರೆ ಮಾಡಿ, ಬಾಗಿಲು ದಾಟಿ ಒಳಗೆ ಹೋದ.

"ಯಾರೇ ಅದು?" ಎಂದಳು ಅವಳು, ಮೆಲ್ಲಗೆ.

ಅಣ್ಣ ಎನ್ನಬೇಕಿತ್ತು. ನನಗೆ ಆ ಕ್ಷಣಕ್ಕೆ ಅದು ಬಾಯಿಗೆ ಬರಲಿಲ್ಲ. ಅವಳ ಮನೆ ಗಾಂಧಿಬಜಾರಿನ ಹತ್ತಿರದ ದೊಡ್ಡ ಬಂಗಲೆ. ಅವಳ ಅಣ್ಣಂದಿರು ಇಸ್ತ್ರಿ ಮಾಡಿದ ಅಂಗಿ ಹಾಕುವ ಚಂದದ ಹುಡುಗರು. ನಾನು ನಕ್ಕೆ.

"ನಮ್ಮನೆ ಗೊರಿಲ್ಲಾ ಕಣೇ" ಎಂದೆ.

ಅವಳು ಬಾಯಿ ಮುಚ್ಚಿಕೊಂಡು ನಕ್ಕಳು. ಅಂಗಳದಲ್ಲಿ ಕುಂಟೆಬಿಲ್ಲೆ ಆಡುತ್ತಿದ್ದ ವಠಾರದ ಮಕ್ಕಳೂ ನಕ್ಕರು. ಮರುದಿನ ಅವರಲ್ಲೊಬ್ಬಳು ಅದನ್ನು ಹಾಡಿನ ಹಾಗೆ ಹೇಳುತ್ತಿದ್ದಳು. ತಿಂಗಳಾಗುವಷ್ಟರಲ್ಲಿ ಅದು ರಸ್ತೆಯ ತುದಿಯ ಹೂವಿನವಳವರೆಗೆ ಹೋಗಿತ್ತು. ನಾನು ಮಕ್ಕಳನ್ನು ಗದರಿಸಿದೆ. ಗದರಿಸಿದ್ದರಿಂದ ಅವರಿಗೆ ಇನ್ನೂ ಹುಮ್ಮಸ್ಸು ಬಂತು.

ಅದಾದ ಮೇಲೆ ಒಂದು ವರ್ಷ ಕಳೆದಿರಬೇಕು. ಒಂದು ಭಾನುವಾರ ಅಣ್ಣ ಕರಡು ಹಾಳೆಗಳನ್ನು ಮನೆಗೆ ತಂದಿದ್ದ. ಹಾಗೆ ತರುವುದು ಅಪರೂಪ. ನೆಲದ ಮೇಲೆ ಹಾಳೆ ಹರಡಿಕೊಂಡು ಕೂತಿದ್ದವನು ತಲೆಯೆತ್ತದೆ ಕೇಳಿದ.

"ಪುಟ್ಟಿ, ಗೊರಿಲ್ಲಾಗಳಲ್ಲಿ ಎಷ್ಟು ಬಗೆ?"

ನಾನು ಅಕ್ಕಿ ಆರಿಸುತ್ತಿದ್ದೆ. ಚುಚ್ಚುತ್ತಿದ್ದಾನೆ ಎಂದುಕೊಂಡೆ.

"ಯಾಕಣ್ಣಾ?"

"ಮಕ್ಕಳ ಪುಸ್ತಕ ಅಚ್ಚಿಗೆ ಬಂದಿದೆ, ಪ್ರಾಣಿಗಳದ್ದು. ಬರೆದೋರು ಹಿರಿಯರು, ಮೇಷ್ಟ್ರು. ಗೊರಿಲ್ಲಾ ಮಾಂಸ ತಿನ್ನತ್ತೆ, ಹೆಂಗಸರನ್ನ ಹೊತ್ಕೊಂಡು ಹೋಗತ್ತೆ ಅಂತ ಬರ್ದಿದಾರೆ. ನನಗ್ಯಾಕೋ ನಂಬಿಕೆ ಬರ್ತಿಲ್ಲ."

"ಸುಳ್ಳು. ಸೊಪ್ಪು, ಬಿದಿರಿನ ಕಳಲೆ, ಹಣ್ಣು ತಿನ್ನತ್ತೆ."

"ನಿಮ್ಮ ಕಾಲೇಜಲ್ಲಿ ಪುಸ್ತಕ ಇದ್ಯಾ?"

ಲೈಬ್ರರಿಯಲ್ಲಿದ್ದ ದಪ್ಪ ಪುಸ್ತಕವನ್ನು ಹೊರಗೆ ಕೊಡುತ್ತಿರಲಿಲ್ಲ. ನಾನು ನಾಲ್ಕು ಮಧ್ಯಾಹ್ನ ಅಲ್ಲೇ ಕೂತು ಗೊರಿಲ್ಲಾದ ಅಧ್ಯಾಯವನ್ನು ಕೈಯಲ್ಲಿ ಬರೆದುಕೊಂಡು ಬಂದೆ. ಅದು ತಪ್ಪಿಗೆ ದಂಡ ಕಟ್ಟಿದ ಹಾಗಿತ್ತು. ಸಂಜೆ ಅವನಿಗೆ ಕನ್ನಡದಲ್ಲಿ ಹೇಳುತ್ತಿದ್ದೆ, ಅವನು ಕೇಳಿ ಕೇಳಿ ಬರೆದುಕೊಳ್ಳುತ್ತಿದ್ದ.

ಆಗಿನ ಪುಸ್ತಕಗಳಲ್ಲಿ ಮೂರು ಬಗೆ ಎಂದಿತ್ತು. ಈಗ ನಾಲ್ಕು ಎನ್ನುತ್ತಾರೆ. ಆಫ್ರಿಕಾದ ಪಶ್ಚಿಮದ ತಗ್ಗು ಕಾಡುಗಳದ್ದು ಮೊದಲನೆಯದು. ಅದೇ ಎಲ್ಲಕ್ಕಿಂತ ಚಿಕ್ಕದು. ಮೃಗಾಲಯಗಳಲ್ಲಿ ಜನ ನೋಡುವುದು ಬಹುಪಾಲು ಅದನ್ನೇ. ಮೈಬಣ್ಣ ಕಂದು ಬೆರೆತ ಬೂದಿ, ನೆತ್ತಿಯ ಮೇಲೆ ತುಕ್ಕಿನ ಕೆಂಪು. ಎರಡನೆಯದು ಪೂರ್ವದ ತಗ್ಗಿನದು, ಎಲ್ಲಕ್ಕಿಂತ ದೊಡ್ಡದು. ಗಿಡ್ಡ ಕಪ್ಪು ಕೂದಲು, ಉದ್ದನೆಯ ಮುಖ. ಚೆನ್ನಾಗಿ ಬೆಳೆದ ಗಂಡು ಎದ್ದು ನಿಂತರೆ ಆರಡಿಯ ಹತ್ತಿರ, ತೂಕ ಇನ್ನೂರು ಕಿಲೋ ಮುಟ್ಟುವುದೂ ಉಂಟು. ಮೂರನೆಯದು ಬೆಟ್ಟದ ಗೊರಿಲ್ಲಾ. ಮಂಜು ಕವಿದ ಎತ್ತರದ ಇಳಿಜಾರುಗಳಲ್ಲಿ ಇರುವಂಥದ್ದು. ಚಳಿಗೆ ಮೈತುಂಬ ಉದ್ದನೆಯ ಕಪ್ಪು ರೋಮ, ಅಗಲ ಎದೆ, ಮಿಕ್ಕವಕ್ಕಿಂತ ತೋಳು ಗಿಡ್ಡ, ನೆತ್ತಿಯ ಏಣು ಎತ್ತರ. ತೂಕ ನೂರ ಅರವತ್ತು ಕಿಲೋ, ಅದಕ್ಕೂ ಮೇಲೆ. ಕೆಲವೇ ನೂರು ಉಳಿದಿವೆ ಎಂದು ಬರೆದಿತ್ತು.

"ಗುರುತು ಹೇಗೆ ಹಿಡಿತಾರೆ, ಒಂದನ್ನ ಇನ್ನೊಂದರಿಂದ?" ಎಂದು ಅಣ್ಣ ಕೇಳಿದ.

"ಮೂಗಿನ ಮೇಲಿನ ಗೆರೆಯಿಂದ. ಒಂದರ ಹಾಗೆ ಇನ್ನೊಂದರದ್ದು ಇರಲ್ವಂತೆ."

ಅವನು ತನ್ನ ಮೂಗಿನ ಮೇಲೆ ಹೆಬ್ಬೆರಳು ಇಟ್ಟುಕೊಂಡ.

ಬರೆದ ಮೇಷ್ಟರು ಒಳ್ಳೆಯವರು. ಅಣ್ಣ ಹೋಗಿ ವಿನಯದಿಂದ ತೋರಿಸಿದಾಗ, "ನೀವೇ ಸರಿಮಾಡ್ಬಿಡಿ" ಎಂದರಂತೆ. ಅಣ್ಣ ಇಡೀ ಪುಟವನ್ನು ಹೊಸದಾಗಿ ಬರೆದ. ಕೆಳಗೆ ಒಂದು ಪಟ್ಟಿ ಹಾಕಿದ. ಎಡದಲ್ಲಿ ಬಗೆ, ನಂತರ ಬಣ್ಣ, ಎತ್ತರ, ಬಲದ ಅಂಚಿನಲ್ಲಿ ತೂಕ. ಅವನು ಅಷ್ಟು ಖುಷಿಯಾಗಿದ್ದದ್ದನ್ನು ನಾನು ಮತ್ತೆ ನೋಡಲಿಲ್ಲ. ಒಂದು ಸಂಜೆ ರಸ್ತೆಯಲ್ಲಿ ಮಕ್ಕಳು ಬೆನ್ನಿಗೆ ಕೂಗಿದಾಗ ಅವನು ತಿರುಗಿ ನಿಂತನಂತೆ. "ಯಾವ ಗೊರಿಲ್ಲಾ? ಮೂರಿದಾವೆ" ಎಂದನಂತೆ. ಮಕ್ಕಳು ಚೆಲ್ಲಾಪಿಲ್ಲಿಯಾಗಿ ಓಡಿದವು.

"ಓಡ್ಹೋದ್ವು" ಎಂದ ಮನೆಗೆ ಬಂದು. "ನಿಂತಿದ್ರೆ ಹೇಳ್ತಿದ್ದೆ."

ಪುಸ್ತಕ ಅಚ್ಚಾಗಿ ಶಾಲೆಗಳಿಗೆ ಹೋಯಿತು. ಎರಡು ವಾರಕ್ಕೆ ಪ್ರಕಾಶಕರು ಮುದ್ರಣಾಲಯಕ್ಕೆ ಬಂದು ಯಜಮಾನರ ಮೇಜಿನ ಮೇಲೆ ಪುಸ್ತಕ ಬಿಸಾಡಿದರು. ಅಣ್ಣ ಮಾಡಿದ ಪಟ್ಟಿಯಲ್ಲಿ ಬಲದ ಅಂಚಿನ ಸೊನ್ನೆಗಳು ಬಿದ್ದುಹೋಗಿದ್ದವು. ಪೂರ್ವದ ಗೊರಿಲ್ಲಾದ ತೂಕ ಇಪ್ಪತ್ತು ಕಿಲೋ, ಬೆಟ್ಟದ ಗೊರಿಲ್ಲಾದ್ದು ಹದಿನಾರು. ಬರೀ ಆ ಪುಟವಲ್ಲ. ಹುಡುಕಿದರೆ ಇಡೀ ಪುಸ್ತಕದಲ್ಲಿ ಸಾಲುಗಳ ಕೊನೆಯಲ್ಲಿ ತಪ್ಪುಗಳಿದ್ದವು. ಒಂದು ಕಡೆ ಒತ್ತಕ್ಷರ ಇಲ್ಲ, ಇನ್ನೊಂದು ಕಡೆ ಪದದ ಬಾಲವೇ ಇಲ್ಲ.

ಮೊಳೆ ಜೋಡಿಸುವವರಲ್ಲಿ ಯಾರೋ, "ಗೊರಿಲ್ಲಾಗೇ ಗೊರಿಲ್ಲಾ ತೂಕ ಗೊತ್ತಿಲ್ವಲ್ಲ ಗುರು" ಎಂದರಂತೆ. ಎಲ್ಲರೂ ನಕ್ಕರಂತೆ. ಇದನ್ನು ಅಣ್ಣನೇ ನನಗೆ ಹೇಳಿದ್ದು.

ಯಜಮಾನರು ಗದ್ದಲ ಮಾಡಲಿಲ್ಲ. ಎಂಟು ತಿಂಗಳಿಂದ ಇಂಥ ತಪ್ಪುಗಳು ಬರುತ್ತಿದ್ದವು, ಅವರು ನುಂಗಿಕೊಂಡಿದ್ದರು. "ಸ್ವಲ್ಪ ದಿವಸ ಮನೇಲಿ ವಿಶ್ರಾಂತಿ ತಗೊಳ್ಳಿ" ಎಂದರು. ಅದರ ಅರ್ಥ ಎಲ್ಲರಿಗೂ ತಿಳಿಯಿತು. ಅಣ್ಣ ಮೇಜಿನಿಂದ ಪೆನ್ಸಿಲು ತೆಗೆದುಕೊಂಡು ಮನೆಗೆ ಬಂದ. ಮನೆಯಲ್ಲಿ ಆ ಪುಟವನ್ನು ಮತ್ತೆ ಮತ್ತೆ ನೋಡಿದ.

"ನಾನು ಇದನ್ನ ಮೂರು ಸಲ ನೋಡಿದೀನಿ ಪುಟ್ಟಿ. ಕೊನೇ ಕರಡಲ್ಲೂ ನೋಡಿದೀನಿ. ಸೊನ್ನೆ ಬಿದ್ದಿದ್ರೆ ನನ್ನ ಕಣ್ಣಿಗೆ ಬೀಳ್ತಿರ್ಲಿಲ್ವಾ?"

ಅಮ್ಮ ಅಂದಳು, "ಮನಸ್ಸು ಎಲ್ಲೋ ಇಟ್ಟಿರ್ತೀಯ."

ಆಗ ನಾನು ಕೊನೆಯ ವರ್ಷದಲ್ಲಿದ್ದೆ. ಶರೀರಕ್ರಿಯೆಯ ಪಾಠಗಳು ನಡೆಯುತ್ತಿದ್ದವು. ಪರೀಕ್ಷೆಗೆ ಓದುತ್ತಾ ಗ್ರಂಥಿಗಳ ಅಧ್ಯಾಯ ತೆರೆದೆ. ಮಿದುಳಿನ ಕೆಳಗೆ ಕಡಲೆಕಾಳಿನಷ್ಟು ದೊಡ್ಡ ಒಂದು ಗ್ರಂಥಿ. ಅದರಲ್ಲಿ ಗಡ್ಡೆ ಬೆಳೆದರೆ ದೊಡ್ಡವರ ಮೈಯಲ್ಲೂ ಮೂಳೆ ಬೆಳೆಯತೊಡಗುತ್ತದೆ ಎಂದು ಬರೆದಿತ್ತು. ಪುಟದ ತಲೆಯಲ್ಲಿ ಒಬ್ಬ ಪರದೇಶದ ಮನುಷ್ಯನ ನಾಲ್ಕು ಫೋಟೋಗಳಿದ್ದವು, ನಾಲ್ಕು ವಯಸ್ಸಿನವು. ಮೊದಲನೆಯದರಲ್ಲಿ ಯಾರೋ ಸಪೂರ ಹುಡುಗ. ನಾಲ್ಕನೆಯದರಲ್ಲಿ ಇದ್ದದ್ದು ನನ್ನ ಅಣ್ಣ. ಬಣ್ಣ ಬೇರೆ, ಅಷ್ಟೆ. ಅದೇ ಹುಬ್ಬು, ಅದೇ ದವಡೆ, ಅದೇ ತುಟಿ. ಕೆಳಗೆ ಸಣ್ಣ ಅಕ್ಷರದಲ್ಲಿ, ಗಡ್ಡೆ ಮೇಲಕ್ಕೆ ಬೆಳೆದರೆ ಕಣ್ಣಿನ ನರಗಳನ್ನು ಒತ್ತುತ್ತದೆ, ಎರಡೂ ಕಣ್ಣಿನ ಹೊರ ಅಂಚಿನ ನೋಟ ಮೊದಲು ಹೋಗುತ್ತದೆ ಎಂದಿತ್ತು.

ಎರಡು ವರ್ಷ ನಾನು ಈ ಶಾಸ್ತ್ರವನ್ನು ಓದುತ್ತಾ ಅದೇ ಮನೆಯಲ್ಲಿ ಅವನ ಎದುರು ಕೂತು ಊಟ ಮಾಡಿದ್ದೆ.

ಮನೆಗೆ ಓಡಿ ಬಂದೆ. ಅಣ್ಣ ಗೋಡೆಗೆ ಒರಗಿ ಕೂತಿದ್ದ.

"ಅಣ್ಣಾ, ನನ್ನ ಮೂಗನ್ನೇ ನೋಡು. ಕಣ್ಣು ಆಚೀಚೆ ಆಡಿಸ್ಬೇಡ."

"ಏನಾಯ್ತೇ ನಿಂಗೆ?"

"ನೋಡು ಅಂದೆ."

ನಾನು ಎರಡೂ ಕೈ ಅಗಲಿಸಿ ಚಾಚಿ, ಬೆರಳುಗಳನ್ನು ಆಡಿಸುತ್ತಾ ನಿಧಾನವಾಗಿ ಒಳಗೆ ತಂದೆ. "ಬೆರಳು ಕಂಡ ತಕ್ಷಣ ಹೇಳು" ಎಂದೆ. ನನ್ನ ಭುಜದ ಪಕ್ಕಕ್ಕೆ ಬಂದವು, ಅವನು ಏನೂ ಹೇಳಲಿಲ್ಲ. ಕಿವಿಯ ನೇರಕ್ಕೆ ಬಂದವು. ಹೇಳಲಿಲ್ಲ. ನನ್ನ ಕೆನ್ನೆಯನ್ನು ಮುಟ್ಟುವಷ್ಟು ಹತ್ತಿರ ಬಂದಾಗ, "ಹಾ, ಈಗ ಕಾಣ್ತಿದೆ" ಎಂದ.

ನನ್ನ ಮುಖ ನೋಡಿ ಅವನಿಗೆ ಗೊತ್ತಾಯಿತು. "ಸೊನ್ನೆ ಅಲ್ಲಿಗೇ ಹೋಗಿದ್ದು, ಅಲ್ವಾ?" ಎಂದ.

ಶೇಷಾದ್ರಿಪುರದಲ್ಲಿ ಹೆಸರಾದ ಒಬ್ಬ ಕಣ್ಣಿನ ಡಾಕ್ಟರು ಇದ್ದರು. ವಯಸ್ಸಾದವರು. ನಾನು, ಅಣ್ಣ, ಅಮ್ಮ ಮೂವರೂ ಬಸ್ಸಿನಲ್ಲಿ ಹೋದೆವು. ಅವರು ಕತ್ತಲ ಕೋಣೆಯಲ್ಲಿ ಬಹಳ ಹೊತ್ತು ಪರೀಕ್ಷೆ ಮಾಡಿದರು. ಹೊರಗೆ ಬಂದು, "ಇವರ ಹಳೇ ಫೋಟೋ ಏನಾದ್ರೂ ಇದ್ಯೇನಮ್ಮಾ?" ಎಂದು ಕೇಳಿದರು. ಮದುವೆಗೆಂದು ಕಳಿಸಿ, ವಾಪಸು ಬಂದಿದ್ದ ಫೋಟೋ ನನ್ನ ಚೀಲದಲ್ಲೇ ಇತ್ತು. ಅವರು ಅದನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿದರು.

"ಎಷ್ಟು ವರ್ಷ ಆಯ್ತು ಇದು ತೆಗೆಸಿ?"

"ಏಳೆಂಟು ವರ್ಷ" ಎಂದೆ.

"ಏಳೆಂಟು ವರ್ಷ ಯಾರೂ ನೋಡ್ಲಿಲ್ವಾ?"

ಬೈಯಬೇಕೆಂದು ಅವರು ಹಾಗೆ ಕೇಳಲಿಲ್ಲ. ನಿಜವಾಗಿ ಕೇಳಿದರು. ಅಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಅಣ್ಣನೇ ಉತ್ತರ ಕೊಟ್ಟ. "ನೋಡಿದ್ರು ಡಾಕ್ಟ್ರೇ. ಎಲ್ರೂ ನೋಡಿದ್ರು."

ತಲೆಯ ಎಕ್ಸ್‌ರೇ ಆಯಿತು. ಗ್ರಂಥಿ ಕೂರುವ ಮೂಳೆಯ ಗುಳಿ ಹಿಗ್ಗಿ ಬಟ್ಟಲಾಗಿತ್ತು. ದೊಡ್ಡ ಆಸ್ಪತ್ರೆಯಲ್ಲಿ ತಲೆಯ ಶಸ್ತ್ರಚಿಕಿತ್ಸೆ ಮಾಡಬೇಕೆಂದರು. ಅಲ್ಲಿಯ ಸರ್ಜನ್ ನಮ್ಮನ್ನು ಕೂರಿಸಿಕೊಂಡು ಯಾವುದನ್ನೂ ಮುಚ್ಚಿಡದೆ ಹೇಳಿದರು. ಗಡ್ಡೆ ತುಂಬಾ ದೊಡ್ಡದಾಗಿದೆ. ಪೂರ್ತಿ ತೆಗೆಯಲು ಆಗದೆ ಇರಬಹುದು. ಹೋದ ನೋಟ ವಾಪಸು ಬರುತ್ತದೆ ಎಂದು ಹೇಳಲಾರೆ. ಬೆಳೆದ ಮೂಳೆಯಂತೂ ಕರಗುವುದಿಲ್ಲ.

"ಮುಖ ಹೀಗೇ ಇರತ್ತಾ?" ಎಂದು ಅಮ್ಮ ಕೇಳಿದಳು.

"ಹೀಗೇ ಇರತ್ತಮ್ಮ."

ಶಸ್ತ್ರಚಿಕಿತ್ಸೆಗೆ ಮುಂಚಿನ ದಿನ ಅಣ್ಣನ ತಲೆ ಬೋಳಿಸಿದರು. ಬೋಳುತಲೆಯಲ್ಲಿ ಅವನ ಹುಬ್ಬಿನ ದಿಣ್ಣೆ ಇನ್ನೂ ಎದ್ದು ಕಾಣುತ್ತಿತ್ತು. ನನಗೆ ಪ್ಲಾಸ್ಟರ್ ಬುರುಡೆಯ ನೆನಪಾಯಿತು. ನೆನಪು ಮಾಡಿಕೊಳ್ಳಬಾರದು ಎಂದರೂ ಆಯಿತು. ಅವನು ನನ್ನ ಕೈ ಹಿಡಿದುಕೊಂಡು ತನ್ನ ನೆತ್ತಿಯ ಮೇಲೆ ಇಟ್ಟುಕೊಂಡ.

"ನೋಡು, ಏಣು ಇಲ್ಲ" ಎಂದು ನಗಲು ನೋಡಿದ.

ಏಳು ಗಂಟೆ ಹಿಡಿಯಿತು. ಬದುಕಿದ. ಎಚ್ಚರವಾದಾಗ ಎಡಗಣ್ಣು ಪೂರ್ತಿ ಹೋಗಿತ್ತು. ಬಲಗಣ್ಣಿಗೆ ಕಿಟಕಿ ಎಲ್ಲಿದೆ ಎಂದು ತಿಳಿಯುತ್ತಿತ್ತು, ಕಿಟಕಿಯಲ್ಲಿ ಯಾರಿದ್ದಾರೆ ಎಂದು ತಿಳಿಯುತ್ತಿರಲಿಲ್ಲ. ಮೂರು ತಿಂಗಳಲ್ಲಿ ಅದೂ ಮಸುಕಾಯಿತು. ಆಗ ಅವನಿಗೆ ಮೂವತ್ತು.

ಆಮೇಲಿನ ಆರು ವರ್ಷಗಳ ಬಗ್ಗೆ ಬರೆಯುವುದು ಕಷ್ಟ. ಅದರಲ್ಲಿ ಹೇಳಿಕೊಳ್ಳುವಂಥದ್ದು ಏನೂ ನಡೆಯಲಿಲ್ಲ. ಅವನು ಬೆಳಗ್ಗೆ ಎದ್ದು ಸ್ನಾನ ಮಾಡಿ ಲಿಂಗಪೂಜೆ ಮಾಡುತ್ತಿದ್ದ. ವಿಭೂತಿ ಹಚ್ಚಿಕೊಳ್ಳಲು ಅವನಿಗೆ ಕನ್ನಡಿ ಬೇಕಿರಲಿಲ್ಲ. ಆಮೇಲೆ ಕುರ್ಚಿಯಲ್ಲಿ ಕೂರುತ್ತಿದ್ದ. ಅಷ್ಟು ದೊಡ್ಡ ದೇಹ ಒಂದೇ ಕಡೆ ದಿನವೆಲ್ಲ ಕೂತಿರುವುದನ್ನು ನೋಡಲು ಅಮ್ಮನಿಂದ ಆಗುತ್ತಿರಲಿಲ್ಲ. ಅವಳು ಇಲ್ಲದ ಕೆಲಸ ಹುಡುಕಿಕೊಂಡು ಅಡುಗೆಮನೆಯಲ್ಲೇ ಇರುತ್ತಿದ್ದಳು. ಕೀಲುಗಳು ಊದಿ ನೋಯುತ್ತಿದ್ದವು. ಬೆವರಿ ಬೆವರಿ ದಿನಕ್ಕೆ ಮೂರು ಬನಿಯನ್ನು ಬದಲಿಸಬೇಕಿತ್ತು. ವಠಾರದ ಮಕ್ಕಳು ಈಗ ಕೂಗುತ್ತಿರಲಿಲ್ಲ. ಹೊಸದಾಗಿ ಬಾಡಿಗೆಗೆ ಬಂದ ಮನೆಯ ಪುಟ್ಟ ಕೂಸೊಂದು ಮಾತ್ರ ಅವನನ್ನು ಕಂಡಾಗಲೆಲ್ಲ ಚಿಟ್ಟನೆ ಚೀರುತ್ತಿತ್ತು. ಆ ಚೀರು ಕೇಳಿಸಿದರೆ ಅಣ್ಣ ಎದ್ದು ಗೋಡೆ ತಡವಿಕೊಂಡು ಒಳಗೆ ಹೋಗುತ್ತಿದ್ದ.

ನಾನು ಎಂ.ಎಸ್ಸಿ. ಮುಗಿಸಿ ಮಲ್ಲೇಶ್ವರದ ಒಂದು ಕಾಲೇಜಿನಲ್ಲಿ ಪಾಠ ಹೇಳಲು ಸೇರಿದೆ. ಸಂಜೆ ಬಂದು ಅವನಿಗೆ ಒಂದು ಗಂಟೆ ಏನಾದರೂ ಓದಿ ಹೇಳುತ್ತಿದ್ದೆ. ದಿನಪತ್ರಿಕೆ ಓದಿದರೆ, "ಇಲ್ಲೊಂದು ತಪ್ಪಿದೆ, ಅಲ್ವಾ? ನೀನು ತಡವರಿಸಿದೆ" ಎನ್ನುತ್ತಿದ್ದ. ಒಂದು ಸಂಜೆ ಕಾಲೇಜಿನ ಲೈಬ್ರರಿಗೆ ಬಂದಿದ್ದ ಹೊಸ ಪತ್ರಿಕೆಯೊಂದನ್ನು ತಂದಿದ್ದೆ. ಬೆಟ್ಟದ ಗೊರಿಲ್ಲಾಗಳ ಮೇಲೆ ಲೇಖನವಿತ್ತು. ಅವನಿಗೆ ಇಷ್ಟವಾಗುತ್ತದೆ ಎಂದುಕೊಂಡೆ. ಮುಂದೇನಿದೆ ಎಂದು ಓದಿಕೊಂಡಿರಲಿಲ್ಲ.

ಬೆಳ್ಳಿ ಬೆನ್ನಿನ ಗಂಡಿನ ಬಗ್ಗೆ ಓದಿದೆ. ವಯಸ್ಸಿಗೆ ಬಂದ ಗಂಡಿಗೆ ಬೆನ್ನು ಬೆಳ್ಳಗಾಗುತ್ತದೆ, ಬೆಟ್ಟದ ಗೊರಿಲ್ಲಾದಲ್ಲಿ ಆ ಬಿಳುಪು ಬೆನ್ನಿಗಷ್ಟೇ, ಪಶ್ಚಿಮದ್ದರಲ್ಲಿ ತೊಡೆಯವರೆಗೂ ಇಳಿಯುತ್ತದೆ. ಅದು ಎದೆ ಬಡಿದುಕೊಳ್ಳುವುದು ಹೆಚ್ಚಾಗಿ ಹೆದರಿಸಿ ಕಳಿಸಲಿಕ್ಕೆ, ಮೈಮೇಲೆ ಬೀಳುವುದು ಕಡಿಮೆ. ಆಮೇಲೆ ಬೇಟೆಗಾರರ ಮಾತು ಬಂತು. ತಲೆಯನ್ನು ಕಡಿದು ಗೋಡೆಗೆ ನೇತುಹಾಕಲು ಮಾರುತ್ತಾರೆ. ಕೈಗಳನ್ನು ಕಡಿದು ಒಣಗಿಸಿ ಬೂದಿಬಟ್ಟಲು ಮಾಡಿ ಮಾರುತ್ತಾರೆ.

"ಸಾಕು" ಎಂದ ಅಣ್ಣ.

ಅವನ ಎರಡೂ ಕೈಗಳು ಮಡಿಲಲ್ಲಿ ಬಿದ್ದಿದ್ದವು. ಒಂದೊಂದು ಬೆರಳೂ ಬಾಳೆಯಷ್ಟು ದಪ್ಪ. ನಾನು ಪತ್ರಿಕೆ ಮುಚ್ಚಿದೆ. ಯಾಕೆ ಅವತ್ತೇ ಹೇಳಬೇಕೆನ್ನಿಸಿತೋ ಗೊತ್ತಿಲ್ಲ.

"ಅಣ್ಣಾ, ಆ ಹೆಸರು ನಿಂಗೆ ಮೊದ್ಲು ಇಟ್ಟಿದ್ದು ನಾನು."

"ಗೊತ್ತು."

"ಹೇಗೆ?"

"ಬಾಗಿಲ ಹಿಂದೇನೇ ಇದ್ನಲ್ಲ, ಚಪ್ಲಿ ಬಿಡ್ತಾ."

ಅವನೇ ಮುಂದುವರಿಸಿದ. "ಒಳಗೆ ಹೋಗಿ ಕನ್ನಡೀಲಿ ನೋಡ್ಕೊಂಡೆ. ಸರಿಯಾಗೇ ಹೇಳಿದಾಳೆ ಅನ್ನಿಸ್ತು. ಅದಕ್ಕೇ ಜಾಸ್ತಿ ಕೋಪ ಬಂತು."

"ಇನ್ನೂ ಇದ್ಯಾ?"

ಸಮಾಧಾನಕ್ಕೆ ಸುಳ್ಳು ಹೇಳುವ ಜಾಯಮಾನ ಅವನದಲ್ಲ.

"ಇದೆ" ಎಂದ. "ಸ್ವಲ್ಪ ಇದೆ. ಹೋಗು, ಕಾಫಿ ಮಾಡು."

ನಾನು ಎದ್ದು ಹೋಗಿ ಕಾಫಿ ಮಾಡಿದೆ. ಆ ವಿಷಯ ನಮ್ಮಿಬ್ಬರ ನಡುವೆ ಮತ್ತೆ ಬರಲಿಲ್ಲ.

ಮೈಯೆಲ್ಲ ಬೆಳೆಯುವಾಗ ಹೃದಯವೂ ಬೆಳೆದಿತ್ತು. ಎಂಬತ್ತರ ದಶಕದ ಮೊದಲ ವರ್ಷಗಳಲ್ಲಿ ಒಂದು ಸೋಮವಾರ ಮಧ್ಯಾಹ್ನ, ನಾನು ಪ್ರಾಕ್ಟಿಕಲ್ ತರಗತಿಯಲ್ಲಿದ್ದಾಗ, ಕಾಲೇಜಿನ ಆಫೀಸಿಗೆ ಫೋನು ಬಂತು. ಮನೆ ಮುಟ್ಟುವಷ್ಟರಲ್ಲಿ ವಠಾರದವರು ಅವನನ್ನು ಗೋಡೆಗೆ ಒರಗಿಸಿ ಕೂರಿಸಿದ್ದರು.

ನಮ್ಮಲ್ಲಿ ಸತ್ತವರನ್ನು ಸುಡುವುದಿಲ್ಲ, ಕೂರಿಸಿ ಮಣ್ಣು ಮಾಡುತ್ತಾರೆ. ಅವನ ಕಾಲು ಮಡಿಸಿ ಪದ್ಮಾಸನ ಹಾಕಿಸಲು ಮೂವರು ಗಂಡಸರು ಒದ್ದಾಡಿದರು. ಊದಿದ ಮಂಡಿಗಳು ಬಗ್ಗಲಿಲ್ಲ. ಕೊನೆಗೆ ಬಟ್ಟೆಯಲ್ಲಿ ಬಿಗಿದು ಕಟ್ಟಿದರು. ಹೊರಲು ನಾಲ್ಕು ಜನ ಸಾಲದೆ ಎಂಟು ಜನ ಬೇಕಾಯಿತು. ಅವರಲ್ಲಿ ಮುದ್ರಣಾಲಯದವರು ಮೂವರಿದ್ದರು. ಯಜಮಾನರೂ ಬಂದಿದ್ದರು.

ಗುಂಡಿಯನ್ನು ಸತ್ತವರ ಪಾದದ ಅಳತೆಯಲ್ಲೇ ತೋಡುವ ಪದ್ಧತಿ. ಮರುದಿನ ಬೆಳಗ್ಗೆಯೇ ದೊಡ್ಡಪ್ಪನ ಮಗ ದಾರದಲ್ಲಿ ಅಣ್ಣನ ಪಾದ ಅಳೆದು ಕೊಂಡೊಯ್ದಿದ್ದ. ಅಗೆಯುವವರು ಆ ದಾರವನ್ನು ನೋಡಿ, ಒಬ್ಬರ ಪಾದ ಇಷ್ಟಿರಲು ಸಾಧ್ಯವಿಲ್ಲ, ಎರಡು ಸಲ ಅಳೆದಿದ್ದಾರೆ ಎಂದುಕೊಂಡು ಅರ್ಧಕ್ಕೇ ತೋಡಿ ನಿಲ್ಲಿಸಿದ್ದರು. ನಾವು ಹೋದಾಗ ಗುಂಡಿ ಸಣ್ಣದು. ಅಣ್ಣನನ್ನು ಬಿಸಿಲಿನಲ್ಲಿ ಇಳಿಸಿ, ಒಂದೂವರೆ ಗಂಟೆ ಎಲ್ಲರೂ ಸುತ್ತ ನಿಂತೆವು, ಅವರು ಅಗೆದರು. ಜಂಗಮರು ಒಮ್ಮೆ, "ಇನ್ನೂ ಬೇಕಪ್ಪಾ, ಇನ್ನೂ ಅಗಲ" ಎಂದರು. ಅಮ್ಮ ಅವನ ಪಕ್ಕದಲ್ಲಿ ಕೂತು ತನ್ನ ಸೆರಗಿನಿಂದ ಅವನ ಮುಖಕ್ಕೆ ನೆರಳು ಹಿಡಿದಿದ್ದಳು.

ವರ್ಷ ತುಂಬುವ ಮೊದಲೇ ಅಮ್ಮ ಆ ಮನೆ ಬೇಡ ಎಂದಳು. ಎನ್.ಆರ್. ಕಾಲೋನಿಯಲ್ಲಿ ಒಂದು ಚಿಕ್ಕ ಮನೆ ಸಿಕ್ಕಿತು. ಅಲ್ಲಿ ನಮ್ಮನ್ನು ಬಲ್ಲವರು ಯಾರೂ ಇರಲಿಲ್ಲ. ಸಾಮಾನು ಇಳಿಸುತ್ತಿದ್ದಾಗ ಪಕ್ಕದ ಮನೆಯಾಕೆ ಒಂದು ಚೊಂಬು ಮಜ್ಜಿಗೆ ತಂದುಕೊಟ್ಟರು. ಒಳ್ಳೆಯ ಹೆಂಗಸು. ಯಾವ ಊರು, ಯಾವ ಮನೆತನ ಎಂದೆಲ್ಲ ಮಾತಾಡಿದರು. ಆಮೇಲೆ, "ನಿಮಗೆ ಎಷ್ಟು ಜನ ಮಕ್ಕಳು?" ಎಂದು ಅಮ್ಮನನ್ನು ಕೇಳಿದರು.

ಅಮ್ಮ ಮಜ್ಜಿಗೆಯ ಚೊಂಬನ್ನು ಕೈ ಬದಲಿಸಿದಳು.

"ಒಬ್ಬಳೇ" ಎಂದಳು. "ಇವಳೊಬ್ಬಳೇ ಮಗಳು."

ನಾನು ಅಲ್ಲೇ ಬಾಗಿಲಲ್ಲಿದ್ದೆ, ಒಂದು ಟ್ರಂಕು ಹಿಡಿದುಕೊಂಡು. ಅಮ್ಮ ನನ್ನ ಕಡೆ ನೋಡಲಿಲ್ಲ. ಪಕ್ಕದ ಮನೆಯಾಕೆ ನನ್ನನ್ನು ನೋಡಿ ನಕ್ಕರು, ಏನಾದರೂ ಹೇಳುತ್ತೇನೆ ಎಂದು ಕಾದರು. ನಾನೂ ನಕ್ಕು, ಟ್ರಂಕನ್ನು ಒಳಗೆ ತೆಗೆದುಕೊಂಡು ಹೋದೆ.